ಒಬ್ಬ ದೇವದೂತ ಕಾಫಿಗಾಗಿ ಇಳಿದ, ಇನ್ನೊಬ್ಬ ಡಾಕ್ಟರಮ್ಮನಿಗಾಗಿ

ಮೊದಲೇ ಹೇಳಿಬಿಡುತ್ತೇನೆ, ನನ್ನ ಓಟು ಬರ್ಲಿನ್ನಿನ ಮೂಲಚಿತ್ರಕ್ಕೆ. ಆದರೆ ಮೊದಲು ನೋಡಿದ್ದು ಹಾಲಿವುಡ್ಡಿನ ರೀಮೇಕನ್ನೇ. 1998ರ 'ಸಿಟಿ ಆಫ್ ಏಂಜಲ್ಸ್', ನಿಕೋಲಸ್ ಕೇಜ್ ಮತ್ತು ಮೆಗ್ ರಯಾನ್. ನರ್ಸಿಂಗ್ ಓದುವಾಗ ಹಾಸ್ಟೆಲಿನಲ್ಲಿ ರೂಮ್‌ಮೇಟ್ ತಂದಿದ್ದ ವಿಸಿಡಿಯಲ್ಲಿ ನೋಡಿ ಇಬ್ಬರೂ ದಿಂಬು ಒದ್ದೆ ಮಾಡಿಕೊಂಡಿದ್ದೆವು. ಅದು ರೀಮೇಕ್ ಅಂತ ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ. ಮೂಲ, ವಿಮ್ ವೆಂಡರ್ಸ್ 1987ರಲ್ಲಿ ಮಾಡಿದ ಜರ್ಮನ್ ಚಿತ್ರ. ಹೊರಗೆಲ್ಲ 'ವಿಂಗ್ಸ್ ಆಫ್ ಡಿಸೈರ್' ಅನ್ನುತ್ತಾರೆ. ಜರ್ಮನ್ ಹೆಸರಿನ ಅರ್ಥ 'ಬರ್ಲಿನ್ ಮೇಲಿನ ಆಕಾಶ'.

ಎಳೆ ಎರಡರಲ್ಲೂ ಒಂದೇ. ಉದ್ದ ಕೋಟು ತೊಟ್ಟ ದೇವದೂತರು ಊರೆಲ್ಲ ಓಡಾಡುತ್ತ ಜನರ ಮನಸ್ಸಿನ ಮಾತು ಕೇಳಿಸಿಕೊಳ್ಳುತ್ತಾರೆ. ಒಬ್ಬನಿಗೆ ಒಬ್ಬಳ ಮೇಲೆ (ಮೂಲದಲ್ಲಿ ಸರ್ಕಸ್ ಹುಡುಗಿ, ರೀಮೇಕಿನಲ್ಲಿ ಡಾಕ್ಟರಮ್ಮ) ಮನಸ್ಸಾಗುತ್ತದೆ, ಸಾವಿಲ್ಲದ ಬದುಕನ್ನು ಬಿಟ್ಟು ಮನುಷ್ಯನಾಗುತ್ತಾನೆ.

ಈಗ ನನ್ನ ಪಾಡು ಕೇಳಿ. ತಮ್ಮ ಜರ್ಮನಿಯಲ್ಲಿದ್ದಾನೆ. ಅಲ್ಲಿನ ಭಾನುವಾರದ ಹಳೆ ಸಾಮಾನಿನ ಸಂತೆಯಲ್ಲಿ ಎರಡು ಯೂರೋ ಕೊಟ್ಟು ಮೂಲಚಿತ್ರದ ಡಿವಿಡಿ ಕೊಂಡು ತಂದ. ನಾನು ಶಿಫ್ಟ್ ಮುಗಿಸಿ, ಉಂಡು, ಕಾಲು ಚಾಚಿ ಕೂತು ಡಿಸ್ಕ್ ಹಾಕಿದರೆ ಟೀವಿಯಲ್ಲಿ ಒಂದೇ ಸಾಲು: ಈ ವಲಯದಲ್ಲಿ ನಡೆಯುವುದಿಲ್ಲ. ಡಿವಿಡಿಗಳಿಗೂ ಸೀಮೆ ಉಂಟು. ಯುರೋಪು ವಲಯ 2, ನಮ್ಮದು ವಲಯ 5. ದೇವದೂತರು ಬರ್ಲಿನ್ ಗೋಡೆಯನ್ನೇ ದಾಟಿ ಓಡಾಡುವ ಸಿನಿಮಾ, ನನ್ನ ಹಾಲ್‌ನ ಪ್ಲೇಯರ್ ದಾಟಲಿಲ್ಲ.

ಲ್ಯಾಪ್‌ಟಾಪಿಗೆ ಹಚ್ಚುವ ಡ್ರೈವ್ ಒಂದನ್ನು ಸಾವಿರದ ಮುನ್ನೂರು ಕೊಟ್ಟು ತರಿಸಿದೆ. ಅದರಲ್ಲಿ ವಲಯ ಬದಲಿಸಬಹುದು, ಆದರೆ ಐದೇ ಸಲ. ಆಮೇಲೆ ಕೊನೆಗೆ ಎಲ್ಲಿಟ್ಟಿರೋ ಅಲ್ಲಿಗೇ ಬೀಗ. ನಾನು ವಲಯ 2 ಮಾಡಿದೆ. ಮಗನ ಯಾವುದೋ ಕಾರ್ಟೂನಿಗೆ ವಾಪಸ್ 5 ಮಾಡಿದೆ. ಮತ್ತೆ 2 ಮಾಡಿದೆ. ಮೂರು ಸಲ ಅಲ್ಲೇ ಖರ್ಚಾಯಿತು.

ಅಂತೂ ಸಿನಿಮಾ ಶುರುವಾಯಿತು. ಒಂದು ಕೈ ಹಾಳೆಯ ಮೇಲೆ ಬರೆಯುತ್ತಿದೆ, ಹಿಂದೆ ಒಂದು ಗಂಡು ದನಿ ಮಗುವಿನ ಹಾಗೆ ರಾಗವಾಗಿ ಏನೋ ಓದುತ್ತಿದೆ. ಸಬ್‌ಟೈಟಲ್ ಒತ್ತಿದೆ. ಬಂತು, ಅದೂ ಜರ್ಮನ್ನಿನಲ್ಲೇ. ಡಿಸ್ಕಿನಲ್ಲಿ ಬೇರೆ ಭಾಷೆಯೇ ಇರಲಿಲ್ಲ. ತಮ್ಮನಿಗೆ ಫೋನ್ ಮಾಡಿ ಬೈದೆ. "ಅಕ್ಕಾ, ನಂಗೆ ಜರ್ಮನ್ ಬರುತ್ತಲ್ಲ, ಅದು ತಲೇಲೇ ಹೊಳೀಲಿಲ್ಲ" ಅಂದ. ಪ್ರಾಯಶ್ಚಿತ್ತಕ್ಕೆ ವಿಡಿಯೋ ಕಾಲಿನಲ್ಲಿ ಕೂತು ಮಾತು ಮಾತಿಗೂ ಕನ್ನಡ ಮಾಡಿ ಹೇಳುವುದು ಅಂತಾಯಿತು. ನಮಗೆ ರಾತ್ರಿ ಹತ್ತು, ಅವನಿಗೆ ಸಂಜೆ ಆರೂವರೆ. ಮೂರು ರಾತ್ರಿ ಹಿಡಿಯಿತು.

ಲೈಬ್ರರಿಯ ದೃಶ್ಯಕ್ಕೆ ಬಂದಾಗ ಅವನು ಸೋತ. ದೊಡ್ಡ ಗ್ರಂಥಾಲಯ, ಓದುತ್ತ ಕೂತವರೆಲ್ಲರ ಮನಸ್ಸಿನ ಪಿಸುಮಾತು ಒಂದರ ಮೇಲೊಂದು. "ಅಕ್ಕಾ, ಎಲ್ರೂ ಒಟ್ಟಿಗೆ ಮಾತಾಡ್ತಿದಾರೆ, ಯಾರದ್ದು ಹೇಳ್ಲಿ?" ಅಂದ. ಸುಮ್ಮನಿರು ಅಂದೆ. ಅರ್ಥವಾಗದ ಆ ಗುಜುಗುಜುವನ್ನು ಕಣ್ಣು ಮುಚ್ಚಿ ಕೇಳಿದೆ. ರಾತ್ರಿ ಪಾಳಿಯಲ್ಲಿ ಜನರಲ್ ವಾರ್ಡಿನ ನಡುವೆ ನಿಂತರೆ ಹೀಗೇ ಕೇಳಿಸುತ್ತದೆ.

ರೀಮೇಕಿಗೂ ಲೈಬ್ರರಿ ಇದೆ, ಚೆನ್ನಾಗಿಯೂ ಇದೆ. ಆದರೆ ಅಲ್ಲಿ ಪಿಸುಮಾತು ಬರೀ ಹಿನ್ನೆಲೆ. ಒಂದೇ ಗಳಿಗೆಯಲ್ಲಿ ಕಥೆ ಡಾಕ್ಟರಮ್ಮನ ಹಿಂದೆ ಓಡುತ್ತದೆ.

ಊರಿನ ವಿಷಯಕ್ಕೆ ಬಂದರೆ ಹೋಲಿಕೆಯೇ ಕಷ್ಟ. ವೆಂಡರ್ಸ್‌ನ ಬರ್ಲಿನ್ ಎರಡು ತುಂಡಾದ ಊರು. ಒಬ್ಬ ಮುದುಕ ಪೋಟ್ಸ್‌ಡಾಮರ್ ಪ್ಲಾಟ್ಸ್ ಎಂಬ ಹಳೆಯ ಗಿಜಿಗಿಜಿ ಚೌಕವನ್ನು ಹುಡುಕುತ್ತ ಬಯಲಿನಲ್ಲಿ ಅಲೆದು, ಯಾರೋ ಎಸೆದ ಸೋಫಾ ಕುರ್ಚಿಯ ಮೇಲೆ ಕೂರುತ್ತಾನೆ. ಚೌಕ ಯುದ್ಧದಲ್ಲಿ ಹಾಳಾಗಿ, ಮೇಲೆ ಗೋಡೆಯೂ ಎದ್ದು, ಹುಲ್ಲು ಬೆಳೆದಿದೆ. ದೇವದೂತ ದಾಮಿಯೆಲ್ ತಾನು ಮನುಷ್ಯನಾಗುತ್ತೇನೆ ಅಂತ ಗೆಳೆಯ ಕಾಸಿಯೆಲ್‌ಗೆ ಹೇಳುವುದು ಗೋಡೆಗಳ ನಡುವಿನ ಕಾವಲು ಪಟ್ಟಿಯಲ್ಲಿ. ಹೇಳುತ್ತಿರುವಾಗಲೇ ಅವನ ಹೆಜ್ಜೆ ಮರಳಿನಲ್ಲಿ ಮೂಡತೊಡಗುತ್ತದೆ. ಗೋಡೆ ಬಿದ್ದದ್ದು 1989ರ ನವೆಂಬರಿನಲ್ಲಿ, ಚಿತ್ರ ಬಂದು ಎರಡು ವರ್ಷದ ಮೇಲೆ. ಬ್ರಾಡ್ ಸಿಲ್ಬರ್ಲಿಂಗ್ ಮಾಡಿದ ರೀಮೇಕು ಲಾಸ್ ಏಂಜಲೀಸಿನಲ್ಲಿ ನಡೆಯುವುದಕ್ಕೆ ಊರ ಹೆಸರಿನಲ್ಲಿರುವ 'ಏಂಜಲ್' ಬಿಟ್ಟರೆ ನನಗೆ ಬೇರೆ ಕಾರಣ ಕಾಣಲಿಲ್ಲ. ನಮ್ಮಲ್ಲೂ ಪಕ್ಕದ ಭಾಷೆಯ ಚಿತ್ರ ತರುವಾಗ ಹೀಗೇ ಆಗುತ್ತದೆ, ಊರು ಬದಲಾಗುತ್ತದೆ, ಆ ಊರೇ ಯಾಕೆ ಅನ್ನುವುದು ಗಡಿಯಾಚೆಯೇ ಉಳಿಯುತ್ತದೆ. ಆದರೂ ಕರಿ ಕೋಟಿನವರೆಲ್ಲ ಬೆಳಗಿನ ಹೊತ್ತು ಸಮುದ್ರ ದಂಡೆಯಲ್ಲಿ ನಿಲ್ಲುವ ದೃಶ್ಯಕ್ಕೆ ಈಗಲೂ ಮೈ ಜುಮ್ಮೆನ್ನುತ್ತದೆ.

ಬಣ್ಣ: ಮೂಲದಲ್ಲಿ ದೇವದೂತರ ಕಣ್ಣಿಗೆ ಲೋಕ ಕಪ್ಪು ಬಿಳುಪು, ಮನುಷ್ಯರ ಕಣ್ಣಿಗೆ ಬಣ್ಣ. ಛಾಯಾಗ್ರಾಹಕ ಆಂರಿ ಅಲೆಕಾನ್‌ಗೆ ಆಗ ಎಂಬತ್ತು ಹತ್ತಿರ. ಅಜ್ಜಿಯ ರೇಷ್ಮೆ ಕಾಲುಚೀಲವನ್ನು ಫಿಲ್ಟರ್ ಮಾಡಿಕೊಂಡಿದ್ದರಂತೆ. ರೀಮೇಕು ಮೊದಲಿಂದ ಕೊನೆತನಕ ಬಣ್ಣ.

ಹಾಡಿನಲ್ಲಿ ರೀಮೇಕು ಗೆದ್ದಿದೆ. 'ಐರಿಸ್' ಇವತ್ತಿಗೂ ನನ್ನ ಫೋನಿನಲ್ಲಿದೆ.

ನಾನು ಕೆಲಸ ಮಾಡುವುದು ಆಪರೇಷನ್ ಥಿಯೇಟರಿನಲ್ಲಿ. ಹಾಗಾಗಿ ಸಾವಿನ ಲೆಕ್ಕ ನೋಡದೆ ಬಿಡಲಾರೆ. ರೀಮೇಕಿನ ಶುರುವಿನಲ್ಲಿ ಜ್ವರ ಬಂದ ಪುಟ್ಟ ಹುಡುಗಿ ಸಾಯುತ್ತಾಳೆ. ಕರೆದೊಯ್ಯುವಾಗ ದೇವದೂತ, ನಿನಗೆ ಅತಿ ಇಷ್ಟವಾಗಿದ್ದು ಏನು ಅಂತ ಕೇಳುತ್ತಾನೆ. ಪೈಜಾಮ ಅನ್ನುತ್ತಾಳೆ. ಎಂಥ ಉತ್ತರ! ಮೇಜಿನ ಮೇಲೆ ರೋಗಿ ಹೋದ ಮೇಲೆ ಹೃದಯದ ಸರ್ಜನ್ ಮ್ಯಾಗಿ ಮೆಟ್ಟಿಲ ಹತ್ತಿರ ಕುಸಿದು ಅಳುವುದೂ ನಿಜವೆನಿಸುತ್ತದೆ. ಅಂಥ ಡಾಕ್ಟರುಗಳನ್ನು ನೋಡಿದ್ದೇನೆ.

ಅದೇ ಮ್ಯಾಗಿ ಕೊನೆಗೆ ಏನು ಮಾಡುತ್ತಾಳೆ? (ನೋಡದವರು ಮುಂದಿನ ಸಾಲು ಬಿಡಿ.) ಅವನು ಅವಳಿಗಾಗಿ ಎಲ್ಲ ಬಿಟ್ಟು ಬಂದ ಮಾರನೆಯ ಬೆಳಗ್ಗೆ, ಕಣ್ಣು ಮುಚ್ಚಿ, ಎರಡೂ ಕೈ ಬಿಟ್ಟು, ಹೆಲ್ಮೆಟ್ಟೂ ಇಲ್ಲದೆ ಸೈಕಲ್ ಹೊಡೆದು ಮರದ ದಿಮ್ಮಿಯ ಲಾರಿಗೆ ಸಿಗುತ್ತಾಳೆ. ಹಾಸ್ಟೆಲಿನಲ್ಲಿ ಇದಕ್ಕೇ ಅತ್ತಿದ್ದೆ. ಈಗ ಸಿಟ್ಟು ಬಂತು. ಹೃದಯ ಕೊಯ್ದು ಹೊಲಿಯುವ ಹೆಂಗಸು ಹೀಗೆ ಸೈಕಲ್ ಹೊಡೆಯುವುದು ಕಥೆಗಾರರಿಗೆ ಅಳಿಸಬೇಕಾಗಿದ್ದರಿಂದ ಮಾತ್ರ.

ಮೂಲದಲ್ಲೂ ರಸ್ತೆ ಅಪಘಾತವಿದೆ. ಬೈಕಿನವನು ಫುಟ್‌ಪಾತಿಗೆ ಒರಗಿ ಸಾಯುತ್ತಿದ್ದಾನೆ, ಜನ ನೋಡುತ್ತಿದ್ದಾರೆ. ದಾಮಿಯೆಲ್ ಬಂದು ಅವನ ತಲೆ ಹಿಡಿದುಕೊಳ್ಳುತ್ತಾನೆ. ಸಾಯುವವನ ಗಾಬರಿ ಮೆಲ್ಲನೆ ತಗ್ಗಿ, ತಾನು ಕಂಡ ಪ್ರೀತಿಯ ಜಾಗ, ವಸ್ತು ಒಂದೊಂದನ್ನೇ ಜಪದ ಹಾಗೆ ಹೇಳಿಕೊಳ್ಳತೊಡಗುತ್ತಾನೆ. ತಮ್ಮ ಅದನ್ನು ಕನ್ನಡದಲ್ಲಿ ಹೇಳುತ್ತ ಹೇಳುತ್ತ ನಿಂತುಬಿಟ್ಟ. ನಾನೂ ಕೇಳಲಿಲ್ಲ.

ಮನುಷ್ಯನಾದ ಮೇಲೆ ದಾಮಿಯೆಲ್ ಆಗಿ ಬ್ರೂನೋ ಗಾಂಟ್ಸ್ ಮಾಡುವುದನ್ನು ನೋಡಬೇಕು. ಅವನ ಲೋಹದ ಕವಚ ಮೇಲಿನಿಂದ ತಲೆಗೇ ಬೀಳುತ್ತದೆ. ರಕ್ತ ಮುಟ್ಟಿ ರುಚಿ ನೋಡುತ್ತಾನೆ, ದಾರಿಹೋಕನನ್ನು ನಿಲ್ಲಿಸಿ ಗೋಡೆಯ ಚಿತ್ರದಲ್ಲಿ ಯಾವುದು ಯಾವ ಬಣ್ಣ ಅಂತ ಕೇಳುತ್ತಾನೆ, ಕಾಫಿ ಕುಡಿಯುತ್ತಾನೆ. ಹುಡುಗಿಯನ್ನು ಹುಡುಕುವುದು ಆಮೇಲೆ. ಅದಕ್ಕೂ ಮುಂಚೆ ಪೀಟರ್ ಫಾಕ್, ತನ್ನದೇ ಪಾತ್ರದಲ್ಲಿ ಕಾಣಿಸಿಕೊಂಡ ಅಮೆರಿಕದ ನಟ, ಗೂಡಂಗಡಿ ಮುಂದೆ ನಿಂತು, ಕಾಣದ ದೇವದೂತನಿಗೆ ಕಾಫಿ, ಸಿಗರೇಟು, ಚಳಿಗೆ ಅಂಗೈ ಉಜ್ಜುವ ಸುಖ ವರ್ಣಿಸುತ್ತಾನೆ. ಇಂಗ್ಲಿಷಿನಲ್ಲಿ! ತಮ್ಮ ಎದ್ದು ತಾನೂ ಕಾಫಿ ಮಾಡಿಕೊಂಡು ಬಂದ.

ತಕರಾರೂ ಇದೆ. ಕೊನೆಗೆ ಬಾರಿನಲ್ಲಿ ಸರ್ಕಸ್ ಹುಡುಗಿ ಮಾರಿಯೋನ್ ಮಾಡುವ ಉದ್ದ ಭಾಷಣ. ಸಂಭಾಷಣೆಯಲ್ಲಿ ಕೈ ಇಟ್ಟ ಪೀಟರ್ ಹಾಂಡ್ಕೆ ದೊಡ್ಡ ಸಾಹಿತಿಯೇ ಇರಬಹುದು, ನನಗೆ ಎರಡು ಸಲ ಜೊಂಪು ಹತ್ತಿತು.

ಒಂದೇ ಕೂತಿಗೆ ಮುಗಿಸಿ, ಅತ್ತು, ಮಲಗಬೇಕು ಅನ್ನುವವರಿಗೆ ರೀಮೇಕ್ ಸಾಕು. ನನ್ನ ಹಾಗೆ ಶಿಫ್ಟ್ ನಡುವೆ ಅರ್ಧರ್ಧ ಗಂಟೆ ನೋಡುವವರಿಗೆ ಮೂಲವೇ ವಾಸಿ, ಎಲ್ಲಿ ಬಿಟ್ಟರೂ ಎಲ್ಲಿಂದ ಹಿಡಿದರೂ ನಡೆಯುತ್ತದೆ. ಕೊಳ್ಳುವವರು 2018ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ತೋರಿಸಿದ, ಮೂಲ ನೆಗೆಟಿವ್‌ನಿಂದ ಹೊಸದಾಗಿ ಮಾಡಿದ ಪ್ರತಿಯನ್ನೇ ಹುಡುಕಿ, ಕಪ್ಪು ಬಿಳುಪು ಅದರಲ್ಲಿ ನಿಜವಾಗಿ ಕಪ್ಪು ಬಿಳುಪು. ಸಬ್‌ಟೈಟಲ್ ಯಾವ ಭಾಷೆಯದು ಅಂತ ಡಬ್ಬಿಯ ಹಿಂದೆ ಓದಿ.

ನನ್ನ ಡ್ರೈವಿನಲ್ಲಿ ಇನ್ನೆರಡು ಸಲ ವಲಯ ಬದಲಿಸಬಹುದು. ಮಗ ಕಾರ್ಟೂನಿಗಾಗಿ ಕೇಳುತ್ತಲೇ ಇದ್ದಾನೆ. ಸದ್ಯ 2ರಲ್ಲೇ ಇದೆ.