ರಾವೆಲ್‌ನ ಹಾರ್ಪ್ ಕೃತಿಗೆ ಹಳೆಯ ಮೆಲೋಸ್ ಧ್ವನಿಮುದ್ರಣವೇ ಸೈ

ಹಾರ್ಪ್ (ನೆಟ್ಟಗೆ ನಿಂತ ತಂತಿಗಳನ್ನು ಬೆರಳಿನಿಂದ ಮೀಟುವ ದೊಡ್ಡ ವಾದ್ಯ), ಕೊಳಲು, ಕ್ಲಾರಿನೆಟ್, ಎರಡು ವಯೊಲಿನ್, ವಯೋಲ, ಚೆಲ್ಲೊ. ಏಳೇ ಜನ, ಸುಮಾರು 11 ನಿಮಿಷ. ಫ್ರೆಂಚ್ ಸಂಯೋಜಕ ಮಾರಿಸ್ ರಾವೆಲ್ ‘ಇಂಟ್ರೊಡಕ್ಷನ್ ಎ ಅಲೆಗ್ರೊ’ವನ್ನು 1905ರಲ್ಲಿ ಬರೆದದ್ದು ಹಾರ್ಪ್ ತಯಾರಿಸುವ ಪ್ಯಾರಿಸ್ಸಿನ ಎರಾರ್ ಕಂಪನಿಗಾಗಿ. ಅದರ ಎದುರಾಳಿ ಪ್ಲೆಯೆಲ್ ತನ್ನ ಪೆಡಲ್ ಇಲ್ಲದ, ಪ್ರತಿ ಅರ್ಧಸ್ವರಕ್ಕೂ ಬೇರೆ ತಂತಿಯಿರುವ ಕ್ರೋಮ್ಯಾಟಿಕ್ ಹಾರ್ಪಿಗೆ ಆಗಲೇ ಇನ್ನೊಬ್ಬ ಫ್ರೆಂಚ್ ಸಂಯೋಜಕ ಡೆಬ್ಯುಸಿಯಿಂದ ಕೃತಿ ಬರೆಸಿಕೊಂಡಿತ್ತು. ಎರಾರ್‌ಗೆ ಕಾಲಿನಿಂದ ಶ್ರುತಿ ಬದಲಿಸುವ ತನ್ನ ಪೆಡಲ್ ಹಾರ್ಪಿನ ಕಸುವು ತೋರಿಸಬೇಕಿತ್ತು.

ಹೀಗೆಂದು ಇದನ್ನು ಪುಟ್ಟ ಹಾರ್ಪ್ ಕನ್ಚರ್ಟೊ (ಒಂದು ವಾದ್ಯ ಮುಂದೆ, ವಾದ್ಯವೃಂದ ಹಿಂದೆ) ಮಾಡಿಬಿಡುವ ಮುದ್ರಣಗಳು ಎಡವುತ್ತವೆ. ಮೀಟಿದ ಕ್ಷಣದಿಂದಲೇ ಹಾರ್ಪಿನ ನಾದ ಇಳಿಯುತ್ತದೆ. ನಾಲ್ಕು ಕಮಾನು ವಾದ್ಯಗಳ ಜಾಗದಲ್ಲಿ ಇಡೀ ಸ್ಟ್ರಿಂಗ್ ಆರ್ಕೆಸ್ಟ್ರಾ ಕೂತರೆ ಅದು ಮುಳುಗುತ್ತದೆ. ಸರಿಪಡಿಸಲು ಮೈಕನ್ನು ಹಾರ್ಪಿನ ಹತ್ತಿರಕ್ಕೆ ತಂದರೆ ಪೆಡಲಿನ ಟಕಟಕ, ಕಂಪಿಸುವ ತಂತಿಗೆ ಪೆಡಲ್ ತಿರುಗಿಸುವ ಡಿಸ್ಕ್ ತಾಗಿದಾಗಿನ ಝುರ್ ಸದ್ದು ಎಲ್ಲ ಒಳಗೆ ಬರುತ್ತವೆ.

1960ರ ದಶಕದ ಆರಂಭದ ಲಂಡನ್ನಿನ ವಾದ್ಯಗುಂಪು ಮೆಲೋಸ್ ಎನ್ಸೆಂಬಲ್ ಧ್ವನಿಮುದ್ರಣದಲ್ಲಿ ಏಳು ಜನರೂ ಸಮಾನರು. ಹಾರ್ಪ್ ವೇಲ್ಸಿನ ಓಸಿಯನ್ ಎಲ್ಲಿಸ್ ಅವರದು. ಅವರ ಗುರು ಗ್ವೆಂಡಲಿನ್ ಮೇಸನ್, 1920ರ ದಶಕದಲ್ಲಿ ಇದೇ ಕೃತಿಯನ್ನು ಸ್ವತಃ ರಾವೆಲ್ ನಿರ್ದೇಶನದಲ್ಲಿ ಮುದ್ರಿಸಿದವರು. ಇದಕ್ಕಿಂತ ನೇರವಾದ ಪಾಠ ಬೇಕೆ?

ಮೊದಲ ಸಾಲು ಕೊಳಲು, ಕ್ಲಾರಿನೆಟ್‌ಗಳದು. ಗರ್ವಾಸ್ ದ ಪೇಯರ್ ಕ್ಲಾರಿನೆಟ್ಟನ್ನು ಎಲ್ಲೂ ಮೇಲೇರಿಸುವುದಿಲ್ಲ, ಹಾಗಾಗಿ ಹಾರ್ಪ್ ಒಳಬರುವಾಗ ಅರಚಬೇಕಾಗಿಲ್ಲ. ಕೃತಿ ಇರುವುದು ಜಿ-ಫ್ಲ್ಯಾಟ್ ಮೇಜರ್ ಎಂಬ ಸ್ವರಶ್ರೇಣಿಯಲ್ಲಿ. ಹಾರ್ಪಿನ ಏಳು ಪೆಡಲ್‌ಗಳಿಗೆ ತಲಾ ಮೂರು ಸ್ಥಾನ: ಫ್ಲ್ಯಾಟ್ (ಅರ್ಧಸ್ವರ ಕೆಳಗೆ), ನ್ಯಾಚುರಲ್, ಶಾರ್ಪ್ (ಅರ್ಧಸ್ವರ ಮೇಲೆ). ಫ್ಲ್ಯಾಟ್ ಸ್ಥಾನದಲ್ಲಿ ಮಾತ್ರ ತಂತಿ ಪೂರ್ತಿ ಉದ್ದಕ್ಕೆ ನುಡಿಯುತ್ತದೆ. ಇಲ್ಲಿ ಎಫ್ ಸ್ವರ ಬಿಟ್ಟು ಉಳಿದ ಆರೂ ಫ್ಲ್ಯಾಟ್, ಅದಕ್ಕೇ ಆ ತುಂಬು ಗುಂಯ್‌ನಾದ. ಕೊನೆಯ ಭಾಗದಲ್ಲಿ ಹಾರ್ಪ್ ಒಂಟಿಯಾಗಿ ನುಡಿಯುವ ಕಡೆನ್ಸಾದಲ್ಲಿ ಇದರ ಪೂರ್ಣ ಫಲ ಸಿಗುತ್ತದೆ. ಗ್ಲಿಸಾಂಡೊ ಎಂದರೆ ಸ್ವರಮಂಡಲ ಸವರಿದಂತೆಯೇ, ಆದರೆ ನಡುವೆಯೇ ಕಾಲಿನಿಂದ ಶ್ರುತಿ ಬದಲಿಸಬಹುದು. ಎಲ್ಲಿಸ್ ಸವರುವಾಗ ಒಂದೊಂದು ತಂತಿಯೂ ಬಿಡಿಯಾಗಿ ಕೇಳುತ್ತದೆ. ಅವಸರದ ವಾದಕರ ಕೈಯಲ್ಲಿ ಅದು ಬರೀ ಮಂಜು.

ಕೊರತೆ? ಮೆದು ಜಾಗಗಳಲ್ಲಿ ಟೇಪಿನ ಹಿಸ್ಸ್ ಇದೆ. ಫೋನಿನ ಸ್ಪೀಕರಿನಲ್ಲಂತೂ ಕೇಳಲೇಬೇಡಿ, ಹಾರ್ಪಿನ ಕೆಳಗಿನ ಲೋಹದ ತಂತಿಗಳು ಅದರಲ್ಲಿ ಇಲ್ಲವೇ ಇಲ್ಲ. ಸಾಧಾರಣ ಹೆಡ್‌ಫೋನ್ ಸಾಕು.

ಅದೇ ಆಲ್ಬಮ್ಮಿನಲ್ಲಿರುವ ಡೆಬ್ಯುಸಿಯ ಕೊಳಲು–ವಯೋಲ–ಹಾರ್ಪ್ ಸೊನಾಟಾಕ್ಕೇ (1915) ಅರ್ಧ ಬೆಲೆ ಕೊಡಬಹುದು. ರುಸೆಲ್‌ನ ಸೆರೆನೇಡ್ ಚುರುಕಾಗಿದೆ. ರೊಪಾರ್ಟ್ಸ್‌ನದು ಒಂದು ಸಲ ಕೇಳಿದರಾಯಿತು.