ಎಲ್ಲವನ್ನೂ ಮಾಡುವ ಕಲ್ಲನ್ನು ಕಥೆಗೆ ತರಬೇಡಿ

ಕಲ್ಪನೆಯ ಲೋಕ ಕಟ್ಟಿ ಕಥೆ ಬರೆಯಲು ಹೊರಟವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ನಿಮ್ಮ ಕಥೆಯಲ್ಲಿ ಮಾಯದ ಕಲ್ಲೊಂದು ಇದೆಯಾ? ಹಾಗಾದರೆ ದಯವಿಟ್ಟು ಪೂರ್ತಿ ಓದಿ. ನನ್ನ ಮೂರು ಮಳೆಗಾಲ ಅದಕ್ಕೇ ಹೋಯಿತು.

ನಮ್ಮದು ಹೊಸನಗರದ ಹತ್ತಿರ ಒಂದು ಹಳ್ಳಿ. ಆಷಾಢದಲ್ಲಿ ಮಳೆ ಹಿಡಿದರೆ ಬಿಡುವುದಿಲ್ಲ, ಕರೆಂಟು ಹೋದರೆ ಎರಡು ಮೂರು ದಿನ ಬರುವುದಿಲ್ಲ. ಅಂಥ ಒಂದು ರಾತ್ರಿ ಅಕ್ಕನ ಮಗಳಿಗೆ ಕಥೆ ಶುರು ಮಾಡಿದೆ. ಏಳು ಕಣಿವೆಗಳ ಒಂದು ರಾಜ್ಯ. ಅಲ್ಲಿ ಸೂರ್ಯ ವರ್ಷಕ್ಕೆ ಒಂದೇ ತಿಂಗಳು ಕಾಣುತ್ತಾನೆ. ಉಳಿದ ದಿನವೆಲ್ಲ ಜನ ಬದುಕುವುದು ಕೆಂಡಗಲ್ಲಿನಿಂದ. ನೆಲದ ಆಳದಲ್ಲಿ ಸಿಗುವ ಕಲ್ಲು ಅದು. ಕತ್ತಲಲ್ಲಿ ಹೊಳೆಯುತ್ತದೆ, ಕೈಯಲ್ಲಿ ಹಿಡಿದರೆ ಬಚ್ಚಲೊಲೆಯ ಮುಂದೆ ಕೂತಷ್ಟು ಹಿತ, ಆದರೆ ಸುಡುವುದಿಲ್ಲ. ಅವಳಿಗೆ ಎಷ್ಟು ಇಷ್ಟವಾಯಿತು ಎಂದರೆ ಮಾರನೇ ದಿನ ಹಳ್ಳದಿಂದ ಕೆಂಪು ಕಲ್ಲೊಂದನ್ನು ಹೆಕ್ಕಿ ತಂದು ದಿಂಬಿನ ಕೆಳಗೆ ಇಟ್ಟುಕೊಂಡಿದ್ದಳು.

ತಪ್ಪು ಮಾಡಿದ್ದು ಆಮೇಲೆ. ಕಥೆಯ ಹುಡುಗಿಯ ತಮ್ಮನಿಗೆ ಜ್ವರ ಬಂತು. ಮುಂದೆ ಏನು ಎಂದು ಹೊಳೆಯಲಿಲ್ಲ, ಕೆಂಡಗಲ್ಲನ್ನು ತೇದು ಕುಡಿಸಿದರೆ ಜ್ವರ ಇಳಿಯುತ್ತದೆ ಎಂದುಬಿಟ್ಟೆ. ಹೊಳೆ ದಾಟಬೇಕು, ದೋಣಿ ಇಲ್ಲ. ಕಲ್ಲನ್ನು ಕಾಲಿಗೆ ಕಟ್ಟಿಕೊಂಡರೆ ನೀರಿನ ಮೇಲೆ ನಡೆಯಬಹುದು ಎಂದೆ. ದಂಡು ಬಂತು, ಕಲ್ಲು ಗೋಡೆಯಾಯಿತು. ಬೆಳೆಗೆ ರೋಗ ಬಂತು, ಕಲ್ಲಿನ ಪುಡಿ ಎರಚಿದರು. ಕೊನೆಗೆ ಸತ್ತುಹೋದ ಅಜ್ಜನನ್ನೂ ಅದೇ ಕಲ್ಲಿನಿಂದ ಎಬ್ಬಿಸಿದೆ. ಕಥೆ ಎಲ್ಲೆಲ್ಲಿ ಸಿಕ್ಕಿಹಾಕಿಕೊಂಡಿತೋ ಅಲ್ಲೆಲ್ಲ ಕಲ್ಲಿಗೊಂದು ಹೊಸ ಶಕ್ತಿ ಕೊಡುತ್ತಾ ಹೋದೆ, ಹಗಲು ಅದನ್ನೇ ನೋಟ್‌ಬುಕ್ಕಿನಲ್ಲಿ ಬರೆಯುತ್ತಾ ಹೋದೆ, ನಲವತ್ತು ಅಧ್ಯಾಯ ಆಗುವವರೆಗೂ ಏನೋ ದೊಡ್ಡದು ಬರೆಯುತ್ತಿದ್ದೇನೆ ಎಂದೇ ನಂಬಿದ್ದೆ.

ಮೂರನೇ ಮಳೆಗಾಲ. ಹುಡುಗಿ ಒಬ್ಬಳೇ ಕಾಳಿಂಗನ ಗವಿಗೆ ಇಳಿಯುತ್ತಿದ್ದಾಳೆ. ನಾನು ದನಿ ತಗ್ಗಿಸಿ ಹೇಳುತ್ತಿದ್ದೇನೆ. ಅಕ್ಕನ ಮಗಳು ಹಲಸಿನ ಹಪ್ಪಳ ಮುರಿಯುತ್ತಾ, "ಕಲ್ಲು ಇದೆಯಲ್ಲ ಮಾಮ, ಅವಳಿಗೇನೂ ಆಗಲ್ಲ ಬಿಡು" ಅಂದಳು. ಮಾರನೇ ರಾತ್ರಿ ಕಥೆ ಕೇಳಲು ಬರಲಿಲ್ಲ. ಅದರ ಮಾರನೇ ರಾತ್ರಿಯೂ ಬರಲಿಲ್ಲ. ನಿಜ ಹೇಳುತ್ತೇನೆ, ನನಗೆ ಅಳು ಬಂತು.

ಭದ್ರಾವತಿಯ ಕಬ್ಬಿಣದ ಕಾರ್ಖಾನೆಯಲ್ಲಿ ಕೆಲಸ ಮಾಡಿ ನಿವೃತ್ತರಾದ ದೊಡ್ಡಪ್ಪ ಚೌತಿಗೆ ಬಂದಿದ್ದರು. ನೋಟ್‌ಬುಕ್ಕುಗಳನ್ನು ಅವರ ಕೈಗೆ ಕೊಟ್ಟೆ. ಎರಡು ದಿನ ಓದಿ ಕೇಳಿದ್ದು ಒಂದೇ ಪ್ರಶ್ನೆ. "ಈ ಕಲ್ಲನ್ನ ಅಗೆಯೋರು ಯಾರೋ?" ನನ್ನ ಹತ್ತಿರ ಉತ್ತರ ಇರಲಿಲ್ಲ. ನಲವತ್ತು ಅಧ್ಯಾಯದಲ್ಲಿ ಒಬ್ಬನೂ ಗುದ್ದಲಿ ಹಿಡಿದಿರಲಿಲ್ಲ. ಆಗ ಅವರು ತಮ್ಮ ಹಿರಿಯರಿಂದ ಕೇಳಿದ್ದನ್ನೆಲ್ಲ ಹೇಳಿದರು. ಕಾರ್ಖಾನೆ ಕಬ್ಬಿಣ ತೆಗೆಯಲು ಶುರು ಮಾಡಿದ್ದು 1923ರಲ್ಲಿ. ಅದಿರು ಕೆಮ್ಮಣ್ಣುಗುಂಡಿಯ ಬೆಟ್ಟದಿಂದ ರೋಪ್‌ವೇಯಲ್ಲಿ ಕೆಳಗಿಳಿದು ಬರಬೇಕಿತ್ತು. ಆ ಕಾಲದಲ್ಲಿ ಕುಲುಮೆ ಉರಿಯುತ್ತಿದ್ದದ್ದು ಇದ್ದಿಲಿನಿಂದ. ಇದ್ದಿಲು ಎಂದರೆ ನಮ್ಮ ಮಲೆನಾಡಿನ ಕಾಡು. ಒಂದು ಕಲ್ಲು ಕಬ್ಬಿಣವಾಗಲು ಬೆಟ್ಟ ಬೇಕು, ಮರ ಬೇಕು, ಅಷ್ಟೊಂದು ಜನರ ಬೆನ್ನು ಬೇಕು. ಬೆಳಕಿನ ಮಾತೂ ಹಾಗೇ ಅಲ್ವಾ. ಕರೆಂಟಿಗಾಗಿ ಕಟ್ಟಿದ ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗಿದು ಶರಾವತಿಯ ಹಿನ್ನೀರಲ್ಲಿ ಊರುಗಳು ಮುಳುಗಿದವು. ಆ ಊರುಗಳಿಂದ ಎದ್ದು ಬಂದವರ ಮಕ್ಕಳ ಜೊತೆ ಓದಿದವನು ನಾನು. ಆದರೂ ನನ್ನ ಏಳು ಕಣಿವೆಗಳಲ್ಲಿ ಬೆಳಕಿಗೆ ಯಾರೂ ಏನನ್ನೂ ಕಳೆದುಕೊಂಡಿರಲಿಲ್ಲ. ಇದು ನನ್ನನ್ನು ಈಗಲೂ ಚುಚ್ಚುತ್ತದೆ.

ಆ ಸಂಜೆ ಮನೆಯಲ್ಲಿ ಎಂದಿನಂತೆ ಸ್ಯಮಂತಕ ಮಣಿಯ ಕಥೆ ಓದಿದರು. ಚೌತಿಯ ಚಂದ್ರನನ್ನು ನೋಡಿದ ದೋಷ ಹೋಗಲಿ ಎಂದು ಪ್ರತಿ ವರ್ಷ ಓದುವುದೇ. ಈ ಸಲ ಕಿವಿಗೊಟ್ಟು ಕೇಳಿದೆ. ದಿನಕ್ಕೆ ಎಂಟು ಭಾರ ಚಿನ್ನ ಕೊಡುವ ಮಣಿ ಅದು. ಆದರೆ ಅದನ್ನು ಕೊರಳಿಗೆ ಹಾಕಿಕೊಂಡು ಬೇಟೆಗೆ ಹೋದ ಪ್ರಸೇನನನ್ನು ಸಿಂಹ ಕೊಲ್ಲುತ್ತದೆ, ಸಿಂಹವನ್ನು ಜಾಂಬವಂತ ಕೊಲ್ಲುತ್ತಾನೆ, ಕಳ್ಳನೆಂಬ ಮಾತು ಕೃಷ್ಣನ ತಲೆಗೆ ಬರುತ್ತದೆ, ಕೊನೆಗೆ ಸತ್ರಾಜಿತನೂ ಮಲಗಿದ್ದಲ್ಲೇ ಕೊಲೆಯಾಗುತ್ತಾನೆ. ಮಣಿ ಇವರಲ್ಲಿ ಒಬ್ಬರನ್ನೂ ಕಾಪಾಡುವುದಿಲ್ಲ. ಅದಕ್ಕೇ ನಮ್ಮ ಮನೆಯ ಜಗಲಿಯಲ್ಲಿ ಅದನ್ನು ಇವತ್ತಿಗೂ ಕೂತು ಕೇಳುತ್ತಾರೆ. ಪರುಷಮಣಿಯನ್ನೇ ತಗೊಳ್ಳಿ. ಕಬ್ಬಿಣ ಮುಟ್ಟಿದರೆ ಚಿನ್ನ, ಅಷ್ಟೇ. ಮಣ್ಣಿಗೆ ಮುಟ್ಟಿಸಿದರೆ ಮಣ್ಣೇ.

ಹಾಗಾಗಿ ಕೇಳಿಕೊಳ್ಳುತ್ತಿದ್ದೇನೆ, ಕಥೆ ಶುರು ಮಾಡುವ ಮೊದಲೇ ನಿಮ್ಮ ಕಲ್ಲಿನಿಂದ ಏನೇನು ಆಗುವುದಿಲ್ಲ ಎಂದು ಬರೆದಿಟ್ಟುಕೊಳ್ಳಿ. ನಡುವೆ ದಾರಿ ಕಾಣದಿದ್ದರೆ ಒಂದು ವಾರ ಸುಮ್ನೆ ಕೂತರೂ ಪರವಾಗಿಲ್ಲ, ಕಲ್ಲಿಗೆ ಕೈ ಹಾಕಬೇಡಿ. ಅದು ಯಾರ ಜಮೀನಿನ ಕೆಳಗಿದೆ, ಯಾರು ಅಗೆಯುತ್ತಾರೆ, ಅಗೆದವರ ಮನೆಯಲ್ಲಿ ಅದು ಇರುತ್ತದಾ ಇಲ್ಲವಾ, ಇದಿಷ್ಟು ನಿಮಗೆ ಗೊತ್ತಿದ್ದರೆ ಅರ್ಧ ಕಥೆ ಅಲ್ಲೇ ಸಿಗುತ್ತದೆ. ನನಗೆ ಇದನ್ನು ಯಾರಾದರೂ ಮೊದಲೇ ಹೇಳಿದ್ದರೆ ಎಂದು ಎಷ್ಟು ಸಲ ಅನ್ನಿಸಿದೆಯೋ.

ಹಳೆಯ ನೋಟ್‌ಬುಕ್ಕುಗಳನ್ನು ಅಟ್ಟಕ್ಕೆ ಹಾಕಿದ್ದೇನೆ. ಹೊಸದಾಗಿ ಬರೆಯುತ್ತಿರುವುದರಲ್ಲಿ ಕೆಂಡಗಲ್ಲು ಬೆಳಕು ಮತ್ತು ಬಿಸಿ ಮಾತ್ರ ಕೊಡುತ್ತದೆ. ಅಗೆಯುವವರ ಕೈ ಮಾತ್ರ ವರ್ಷ ಕಳೆದಂತೆ ತಣ್ಣಗಾಗುತ್ತಾ ಹೋಗುತ್ತದೆ, ಮತ್ತೆ ಬೆಚ್ಚಗಾಗುವುದಿಲ್ಲ. ಮೊನ್ನೆ ಮೊದಲ ಅಧ್ಯಾಯ ಓದಿ ಹೇಳಿದೆ. ಅಕ್ಕನ ಮಗಳು ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ, "ಆ ಹುಡುಗಿಯ ಅಮ್ಮನೂ ಅಗೆಯೋಕೆ ಹೋಗ್ತಾಳಾ ಮಾಮ?" ಎಂದು ಕೇಳಿದಳು.