60 ದಿನದ ಅರ್ಜಿಗೆ 14 ತಿಂಗಳು: ಕೌಟುಂಬಿಕ ನ್ಯಾಯಾಲಯದ ಸೇವೆ ಕುರಿತು

ಜೀವನಾಂಶ ಕೋರಿದ ತಂಗಿಯ ಜೊತೆ ನಮ್ಮ ಜಿಲ್ಲೆಯ ಕೌಟುಂಬಿಕ ನ್ಯಾಯಾಲಯಕ್ಕೆ ಪ್ರತಿ ವಾಯಿದೆಗೂ ಹೋಗಿಬಂದವನು ನಾನು. ಅಲ್ಲಿನ ಸೇವೆಯಲ್ಲಿ ಮೆಚ್ಚಬೇಕಾದದ್ದು ಇದೆ. ಆಪ್ತಸಮಾಲೋಚಕರು ಅವಸರ ಮಾಡದೆ ಅವಳ ಮಾತು ಕೇಳಿದರು. ಮಹಿಳೆಯರಿಗೆ ಆದಾಯದ ಮಿತಿಯಿಲ್ಲದೆ ಉಚಿತ ಕಾನೂನು ನೆರವು ಸಿಗುವುದರಿಂದ ವಕೀಲರ ಶುಲ್ಕದ ಚಿಂತೆಯೂ ತಪ್ಪಿತು.

ಕೊರತೆ ಇರುವುದು ಕಾಲದ ವಿಷಯದಲ್ಲಿ. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಮಿನಲ್ಲಿದ್ದು, ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಮಿನಲ್ಲಿರುವ ನಿಯಮದಂತೆ, ಎದುರುದಾರರಿಗೆ ನೋಟಿಸ್ ಜಾರಿಯಾದ 60 ದಿನಗಳೊಳಗೆ, ಸಾಧ್ಯವಾದಮಟ್ಟಿಗೆ, ಮಧ್ಯಂತರ ಜೀವನಾಂಶದ (ಅಂತಿಮ ತೀರ್ಪು ಬರುವವರೆಗೆ ಕೊಡಬೇಕಾದ ಜೀವನಾಂಶದ) ಅರ್ಜಿ ಇತ್ಯರ್ಥವಾಗಬೇಕು. ನಮಗೆ ಹಿಡಿದದ್ದು 14 ತಿಂಗಳು. ಆರ್ಡರ್ ಶೀಟಿನ ನಕಲು ಪಡೆದು ನೋಡಿದಾಗ, ಹನ್ನೊಂದು ವಾಯಿದೆಗಳ ಪೈಕಿ ಏಳರ ಮುಂದೆ ಇದ್ದದ್ದು ಒಂದೇ ಸಾಲು: ‘ಆಕ್ಷೇಪಣೆಗೆ ಕಾಲಾವಕಾಶ ಕೋರಿದ್ದಾರೆ, ಅನುಮತಿಸಿದೆ.’ ಆ ಏಳರಲ್ಲಿ ಮೂರನೆಯ ಸಾಲಿಗೂ ನಾಲ್ಕನೆಯ ಸಾಲಿಗೂ ನಡುವೆ ಅವಳು ಮಗನ ಶಾಲಾ ಶುಲ್ಕಕ್ಕಾಗಿ ಬಳೆಗಳನ್ನು ಅಡವಿಟ್ಟಿದ್ದಳು.

ರಜನೇಶ್ ವಿರುದ್ಧ ನೇಹಾ ಪ್ರಕರಣದಲ್ಲಿ 2020ರ ನವೆಂಬರ್ 4ರಂದು ಸುಪ್ರೀಂ ಕೋರ್ಟ್ ಈ ಬಗ್ಗೆ ಸ್ಪಷ್ಟ ದಾರಿ ಹಾಕಿಕೊಟ್ಟಿದೆ. ಆಸ್ತಿ ಮತ್ತು ಹೊಣೆಗಳ ಪ್ರಮಾಣಪತ್ರವನ್ನು (ಅಫಿಡವಿಟ್) ಎದುರುದಾರರು ನಾಲ್ಕು ವಾರಗಳಲ್ಲಿ ಸಲ್ಲಿಸಬೇಕು, ಅದಕ್ಕಾಗಿ ಎರಡಕ್ಕಿಂತ ಹೆಚ್ಚು ಅವಕಾಶ ಕೊಡಬಾರದು, ಬೇಕೆಂದೇ ಎಳೆದಾಡಿದರೆ ಅವರ ಪ್ರತಿವಾದವನ್ನೇ ತೆಗೆದುಹಾಕುವುದನ್ನು ನ್ಯಾಯಾಲಯ ಪರಿಗಣಿಸಬಹುದು ಎಂದು ಅದು ಹೇಳಿದೆ. ನಮ್ಮ ವಕೀಲರು ಈ ತೀರ್ಪನ್ನು ಎರಡು ಬಾರಿ ಮುಂದಿಟ್ಟರೂ ಮತ್ತೊಂದು ದಿನಾಂಕ ಸಿಕ್ಕಿತೇ ಹೊರತು ಬೇರೇನೂ ಆಗಲಿಲ್ಲ. 1998ರಲ್ಲಿ ಹಾಕಿದ ಜೀವನಾಂಶದ ಅರ್ಜಿಯೊಂದು 2012ರಲ್ಲಿ ತೀರ್ಮಾನವಾದದ್ದಕ್ಕೆ ಇದೇ ಸುಪ್ರೀಂ ಕೋರ್ಟ್ ಶಮೀಮಾ ಫಾರೂಖಿ ಪ್ರಕರಣದಲ್ಲಿ, 2015ರಲ್ಲಿ, ನೋವು ತೋಡಿಕೊಂಡಿತ್ತು.

ಆದ್ದರಿಂದ ಕಾನೂನು ಸಾಲದು ಎಂದು ನಾನು ಒಪ್ಪುವುದಿಲ್ಲ. ಗಡುವು ಮೀರಿದಾಗ ಏಕೆ ಮೀರಿತು ಎಂದು ಕೇಳುವವರು ಬೇಕು. ಸಂವಿಧಾನದ 227ನೇ ವಿಧಿಯಡಿ ಅಧೀನ ನ್ಯಾಯಾಲಯಗಳ ಮೇಲ್ವಿಚಾರಣೆಯ ಅಧಿಕಾರ ಹೈಕೋರ್ಟಿಗಿದೆ. 60 ದಿನ ದಾಟಿದ ಮಧ್ಯಂತರ ಅರ್ಜಿಗಳ ಪಟ್ಟಿಯನ್ನು, ಪ್ರತಿ ಮುಂದೂಡಿಕೆಯ ಕಾರಣದೊಂದಿಗೆ, ತಿಂಗಳಿಗೊಮ್ಮೆ ತರಿಸಿಕೊಂಡು ಪರಿಶೀಲಿಸಿದರೆ ಆ ಏಳು ಸಾಲುಗಳನ್ನು ಅಷ್ಟು ಸುಲಭವಾಗಿ ಬರೆಯಲಾಗುತ್ತಿರಲಿಲ್ಲ ಎಂಬುದು ನನ್ನ ದೃಢ ನಂಬಿಕೆ.

ಈ ದಾರಿಯಲ್ಲಿ ಹೊರಟಿರುವವರಿಗೆ ಒಂದು ಮಾತು: ಬಾಕಿ ಮೊತ್ತದ ವಸೂಲಾತಿಗೆ, ಅದು ಸಲ್ಲಬೇಕಾದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಲೇಬೇಕು, ಇಲ್ಲವಾದರೆ ಆ ಮೊತ್ತಕ್ಕೆ ವಾರಂಟ್ ಹೊರಡುವುದಿಲ್ಲ. ಕಚೇರಿಯಲ್ಲಿ ಇದನ್ನು ನಮಗೆ ಯಾರೂ ತಿಳಿಸಲಿಲ್ಲ. ತಂಗಿಗೆ ಅರ್ಜಿಯ ದಿನದಿಂದಲೇ ಜೀವನಾಂಶದ ಆದೇಶವಾಗಿದೆ, ಹಣ ಬಂದಿಲ್ಲ. ವಸೂಲಾತಿ ಅರ್ಜಿಯ ಮುಂದಿನ ವಾಯಿದೆ ಆರು ವಾರಗಳ ನಂತರ ಇದೆ.